ಸ್ವಇಚ್ಛೆಯ ಹೆಬ್ಬೆಟ್ಟು

ಲೋಕ ಅದಾಲತ್ ಮುಗಿದ ಮರುದಿನದ ಪತ್ರಿಕೆಯಲ್ಲಿ ಆ ಫೋಟೊ ತಪ್ಪದೆ ಬರುತ್ತದೆ. ಪಾಲಿನ ದಾವೆಯಲ್ಲಿ ಕಚ್ಚಾಡಿದ ಅಣ್ಣ ತಮ್ಮಂದಿರು ಹಾರ ಹಾಕಿಕೊಂಡು, ಒಬ್ಬರ ಬಾಯಿಗೊಬ್ಬರು ಸಿಹಿ ಹಿಡಿದು ನಿಂತಿರುತ್ತಾರೆ. ಮೇಲ್ಮನವಿಯಲ್ಲಿದ್ದ ವ್ಯಾಜ್ಯ ಸ್ವಇಚ್ಛೆಯ ರಾಜಿಯಿಂದ ಸುಖಾಂತ್ಯ ಕಂಡಿತೆಂದು ಅಡಿಬರಹ.

ಈ ‘ಸ್ವಇಚ್ಛೆ’ಯ ಮೇಲೆ ನನಗೆ ಅಪಾರ ಗೌರವ. ರಾಜಿ ಲಿಖಿತವಾಗಿರಬೇಕು, ಕಕ್ಷಿದಾರರ ಸಹಿ ಇರಬೇಕು ಎನ್ನುತ್ತದೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 23ನೇ ಆದೇಶದ 3ನೇ ನಿಯಮ. ‘ಯಾರ ಒತ್ತಡಕ್ಕೂ ಆಮಿಷಕ್ಕೂ ಒಳಗಾಗದೆ’ ಎಂಬ ಸಾಲನ್ನು ಟೈಪಿಸ್ಟರು ಕಣ್ಣು ಮುಚ್ಚಿಕೊಂಡೇ ಹೊಡೆಯುತ್ತಾರೆ. ಆಮೇಲೆ ವಕೀಲರ ಗುಮಾಸ್ತ ಅಜ್ಜನ ಹೆಬ್ಬೆರಳನ್ನು ತಾನೇ ಹಿಡಿದು, ಮಸಿ ಮೆತ್ತಿ, ಪುಟಪುಟಕ್ಕೂ ಒತ್ತಿಸುತ್ತಾನೆ. ಕೊನೆಯ ಪುಟ ಬರುವ ಹೊತ್ತಿಗೆ ಸ್ವಇಚ್ಛೆ ಸ್ವಲ್ಪ ಮಾಸಲಾಗಿ ಮೂಡುವುದರಿಂದ ಇನ್ನೊಮ್ಮೆ ಮಸಿ ಹಚ್ಚಬೇಕಾಗುತ್ತದೆ.

ಮೇಲ್ಮನವಿಯ ಶೀರ್ಷಿಕೆಯನ್ನೊಮ್ಮೆ ಓದಬೇಕು. ಒಂದನೇ ಮೇಲ್ಮನವಿದಾರ, ಮೃತ, ವಾರಸುದಾರರ ಮೂಲಕ 1(ಎ), 1(ಬಿ), 1(ಸಿ). ಅವರಲ್ಲಿ 1(ಬಿ)ಯೂ ಮೃತ, ಆತನ ವಾರಸುದಾರರು 1(ಬಿ)(ಎ) ಮೊದಲ್ಗೊಂಡು. ನಮ್ಮ ಕಡೆ ಹೆಳವರು ಎತ್ತಿನ ಮೇಲೆ ಬಂದು ವಂಶಾವಳಿ ಹೇಳಿ ಭತ್ತ ಪಡೆಯುತ್ತಿದ್ದರು. ಈಗ ಆ ಕೆಲಸವನ್ನು ಕೋರ್ಟಿನ ಕಚೇರಿಯಾದ ರಿಜಿಸ್ಟ್ರಿ ವಹಿಸಿಕೊಂಡಿದೆ. ಬದುವಿನ ಮೇಲೆ ಬಡಿದಾಡಿದವರು ಸತ್ತರು. ರಾಜಿಗೆ ಓಡಿಬರುವವನು ಮೊಮ್ಮಗ. ಅವನಿಗೆ ತಾತನ ಹಟ ಬೇಡ, ಲೇಔಟಿನವರಿಗೆ ಮಾರಲು ತಕರಾರಿಲ್ಲದ ಪಹಣಿ ಬೇಕು.

ರಾಜಿಯಾಗಬಲ್ಲ ವ್ಯಾಜ್ಯವನ್ನು ಸಂಧಾನಕ್ಕೆ ಕಳುಹಿಸಿ ಎಂಬ, ಸಿವಿಲ್ ಪ್ರಕ್ರಿಯಾ ಸಂಹಿತೆಯದೇ 89ನೇ ಕಲಂ 2002ರ ಜುಲೈ 1ರಿಂದ ಜಾರಿಯಲ್ಲಿದೆ. ಮೊದಲನೇ ವಾಯಿದೆಯಲ್ಲೇ ಹೇಳಬಹುದಾಗಿದ್ದ ಮಾತನ್ನು ಸಾಕ್ಷಿ, ತೀರ್ಪು, ತಡೆಯಾಜ್ಞೆಗಳೆಲ್ಲ ಮುಗಿದು ಎರಡೂ ಕಡೆಯವರು ಸೋತು ಸುಣ್ಣವಾದ ಮೇಲೆ ಹೇಳುತ್ತೇವೆ. ಅಲ್ಲಿಯವರೆಗೆ ರಾಜಿಯ ಮಾತೆತ್ತಿದವನು ಕೇಸು ಸಡಿಲವಿರುವ ಹೇಡಿ. ಕೋರ್ಟ್ ಶುಲ್ಕವೇನೋ ವಾಪಸು ಬರುತ್ತದೆ. ಅಷ್ಟು ವರ್ಷಗಳ ಬಸ್ ಚಾರ್ಜು ಬರುವುದಿಲ್ಲ.

ಆ ಫೋಟೊದಲ್ಲಿ ಅಕ್ಕ ಎಲ್ಲಿ? ಹೆಣ್ಣುಮಕ್ಕಳಿಗೂ ಪಿತ್ರಾರ್ಜಿತದಲ್ಲಿ ಸಮಪಾಲು ಎಂದು ಕರ್ನಾಟಕ 1994ರಲ್ಲೇ ಕಾನೂನು ಮಾಡಿತು, 2005ರಲ್ಲಿ ಇಡೀ ದೇಶಕ್ಕೆ ಬಂತು. ಆದರೂ ಅರಿಶಿನ ಕುಂಕುಮದ ಬಾಬ್ತು ಎಂದು ಒಂದಿಷ್ಟು ಕೈಗಿಟ್ಟು, ತವರಿನ ಬಾಗಿಲು ಮುಚ್ಚೀತೆಂಬ ಹೆದರಿಕೆಯಲ್ಲಿ ಆಕೆಯಿಂದ ಹಕ್ಕು ಬಿಡಿಸಿಕೊಳ್ಳುವುದನ್ನೂ ಸ್ವಇಚ್ಛೆ ಎಂದೇ ಬರೆಯುತ್ತೇವೆ. ಇದು ರಾಜಿಯಲ್ಲ, ಸುಲಿಗೆ. ಬರೆದು ಬರೆದು ಸಾಕಾಗಿದೆ.

ಲೋಕ ಅದಾಲತ್ತಿನ ಆದೇಶದ ಮೇಲೆ ಮೇಲ್ಮನವಿ ಇಲ್ಲವಲ್ಲ, ಎಲ್ಲ ಮುಗಿಯಿತು ಎಂದುಕೊಳ್ಳಬೇಡಿ. ಮೋಸದಿಂದ ಸಹಿ ಹಾಕಿಸಿಕೊಂಡರೆಂದು ಹೈಕೋರ್ಟಿನಲ್ಲಿ ರಿಟ್ ಅರ್ಜಿ ಹಾಕಬಹುದು. ಅಂಥದ್ದೊಂದನ್ನು ಅಕ್ಕ ಹಾಕಿದ ದಿನ ಅಣ್ಣ ತಮ್ಮಂದಿರು ಒಂದನೇ ಹಾಗೂ ಎರಡನೇ ಪ್ರತಿವಾದಿಗಳಾಗಿ, ಒಂದೇ ವಕಾಲತ್ತಿಗೆ ಸಹಿ ಹಾಕಿ, ಒಂದೇ ಬೆಂಚಿನಲ್ಲಿ ಕೂರುತ್ತಾರೆ.