ಭೀಮನಿಗೆ ಅರ್ಜುನ ಪ್ರಶಸ್ತಿ, ಪೆನ್ಷನ್‌ಗೆ ಕಿರೀಟ

ಏಷ್ಯನ್ ಗೇಮ್ಸಲ್ಲಿ ಚಿನ್ನ ಗೆದ್ದ ಮನುಷ್ಯನ ಗುರುತು ಹಿಡಿಯೋಕೆ ನಮ್ ದೇಶಕ್ಕೆ 22 ವರ್ಷ ಬೇಕಾಯ್ತು. ಅದೂ ಸುಮ್‌ಸುಮ್ನೆ ಹಿಡೀಲಿಲ್ಲ, ಪಾಪ ಅವರು ಅಂಗಿ ಬಿಚ್ಚಿ, ತಲೆಗೆ ಕಿರೀಟ ಇಟ್ಕೊಂಡು, ಹೆಗಲ ಮೇಲೆ ಗದೆ ಹೊತ್ಕೊಂಡು ಭಾನುವಾರ ಬೆಳಿಗ್ಗೆ ದೂರದರ್ಶನದ ಒಳಗಿಂದ ನಡ್ಕೊಂಡ್ ಬಂದ್ಮೇಲೆ "ಅಬ್ಬಾ ಎಂಥಾ ಆಳು ಮಾರಾಯ, ಎಲ್ಲಿದ್ದ ಇಷ್ಟ್ ದಿನ" ಅಂದ್ವಿ. ಎಲ್ಲಿದ್ರು ಅಂದ್ರೆ? ಕಿಂಗ್‌ಸ್ಟನ್ನಲ್ಲಿದ್ರು, ಬ್ಯಾಂಕಾಕಲ್ಲಿದ್ರು, ಮೆಕ್ಸಿಕೋ ಒಲಿಂಪಿಕ್ಸಲ್ಲಿದ್ರು, ಮ್ಯೂನಿಕ್ ಒಲಿಂಪಿಕ್ಸಲ್ಲಿದ್ರು, ಟೆಹ್ರಾನಲ್ಲಿದ್ರು. ನಾವು ಆ ಕಡೆ ತಿರುಗಿ ನೋಡಿರ್ಲಿಲ್ಲ ಅಷ್ಟೇ.

ಪ್ರವೀಣ್ ಕುಮಾರ್ ಸೋಬ್ತಿ. ಈ ಹೆಸ್ರು ಹೇಳಿದ್ರೆ "ಯಾವ್ ಪಾರ್ಟಿ?" ಅಂತ ಕೇಳೋರೇ ಜಾಸ್ತಿ. ಬಿ.ಆರ್. ಚೋಪ್ರಾ ಮಹಾಭಾರತದ ಭೀಮ ಅನ್ನಿ, ತಕ್ಷಣ ಸೋಫಾದಲ್ಲಿ ಒರಗಿರೋ ಅಜ್ಜಿನೂ ಎದ್ದು ಕೂತ್ಕೋತಾರೆ. 1966ರಲ್ಲಿ ಬ್ಯಾಂಕಾಕ್ ಏಷ್ಯನ್ ಗೇಮ್ಸಲ್ಲಿ ಡಿಸ್ಕಸ್ ಎಸೆತಕ್ಕೆ ಚಿನ್ನ, ಹ್ಯಾಮರ್ ಎಸೆತಕ್ಕೆ ಕಂಚು. ಅದೇ ವರ್ಷ ಕಿಂಗ್‌ಸ್ಟನ್ ಕಾಮನ್ವೆಲ್ತಲ್ಲಿ ಹ್ಯಾಮರ್‌ಗೆ ಬೆಳ್ಳಿ. 1970ರಲ್ಲಿ ಮತ್ತೆ ಬ್ಯಾಂಕಾಕು, ಮತ್ತೆ ಡಿಸ್ಕಸ್ ಚಿನ್ನ. 1974ರಲ್ಲಿ ಟೆಹ್ರಾನಲ್ಲಿ ಬೆಳ್ಳಿ. ಗಡಿ ಕಾಯೋ ಬಿಎಸ್ಎಫ್‌ನಲ್ಲಿ ನೌಕರಿ. ಇಷ್ಟೆಲ್ಲಾ ಸೇರ್ಸಿದ್ರೂ ಜನರ ತಲೇಲಿ ಉಳಿದಿದ್ದು ಒಂದು ಗದೆ.

ಹ್ಯಾಮರ್ ಅಂದ್ರೆ ಮೊಳೆ ಹೊಡಿಯೋ ಸುತ್ತಿಗೆ ಅಂದ್ಕೊಂಡಿರೋರೂ ಇದಾರೆ. ಸುತ್ತಿಗೆ ಅಲ್ಲ ಸ್ವಾಮಿ, ಅದೊಂದು ಲೋಹದ ಗುಂಡು, ಅದಕ್ಕೆ ತಂತಿ, ತಂತಿ ತುದೀಲಿ ಹಿಡಿ, ಎಲ್ಲಾ ಸೇರಿ 7.26 ಕೆಜಿ, ಹತ್ತತ್ರ ನಾಲ್ಕಡಿ ಉದ್ದ. 2.135 ಮೀಟರ್ ಅಗಲದ ವೃತ್ತದೊಳಗೆ ನಿಂತು, ತಲೆ ಸುತ್ತ ಎರಡ್ ಸಲ ಬೀಸಿ, ಆಮೇಲೆ ಹಿಮ್ಮಡಿ ಮೇಲೆ ಒಂದ್ಸಲ ಬೆರಳ ಮೇಲೆ ಒಂದ್ಸಲ ಅಂತ ಮೂರ್ನಾಲ್ಕು ಸುತ್ತು ಗಿರಗಿರ ತಿರುಗ್ಬೇಕು, ಗುಂಡು ನಿಮ್ಮನ್ನ ಆಚೆ ಎಳೀತಿರುತ್ತೆ ನೀವು ಅದನ್ನ ಈಚೆ ಎಳೀತಿರ್ತೀರಿ, ಸರಿಯಾದ ಕ್ಷಣಕ್ಕೆ ಬಿಡ್ಲಿಲ್ಲ ಅಂದ್ರೆ ಅದು ಮೈದಾನಕ್ಕೆ ಹೋಗೋ ಬದ್ಲು ಸುತ್ತ ಕಟ್ಟಿರೋ ಬಲೆಗೆ ಹೋಗಿ ಬಡಿಯುತ್ತೆ. ಬಿಟ್ಮೇಲಾದ್ರೂ ಉಸಿರಾಡ್ಬೋದಾ ಅಂದ್ರೆ ಅದೂ ಇಲ್ಲ, ಕಾಲು ಅಂಚಿನ ಮೇಲೆ ಬಿದ್ರೆ ಕೆಂಪು ಬಾವುಟ, ಗುಂಡು ನೆಲ ಮುಟ್ಟೋ ತನಕ ವೃತ್ತದಿಂದ ಆಚೆ ಬರೋ ಹಾಗಿಲ್ಲ, ಬರೋವಾಗ್ಲೂ ಹಿಂದಿನ ಅರ್ಧದಿಂದ್ಲೇ ಬರ್ಬೇಕು. ಫೈನಲ್ ತನಕ ಹೋದ್ರೂ ಒಟ್ಟು ಆರೇ ಚಾನ್ಸು. ರೀಟೇಕ್ ಇಲ್ಲ.

ಈಗ ಸೀರಿಯಲ್ ಗದೆ ತಗೊಳಿ. ಹೆಗಲ ಮೇಲೆ ಇಡಿ. ಕಣ್ಣು ಅಗಲ ಮಾಡಿ. ಹಿಂದೆ ಯಾರೋ ಡೋಲು ಬಡೀತಾರೆ. ಆಯ್ತು, ದೇಶ ನಿಮ್ ಕಾಲಿಗೆ ಬಿತ್ತು.

1988ರ ಅಕ್ಟೋಬರ್ 2ಕ್ಕೆ ಶುರುವಾಗಿ 1990ರ ಜೂನ್ ತನಕ 94 ಎಪಿಸೋಡು ಬಂತು ಅದು. ರಸ್ತೆ ಖಾಲಿ, ಟೀವಿಗೆ ಹೂವಿನ ಹಾರ, ಊದುಬತ್ತಿ, ಟೀವಿ ಇರೋ ಮನೇಲಿ ಇಡೀ ಬೀದಿ. ಲಾಕ್‌ಡೌನಲ್ಲಿ 2020ರಲ್ಲಿ ಮತ್ತೆ ಹಾಕಿದ್ರು, ಮತ್ತೆ ಕೂತು ನೋಡಿದ್ವಿ. 1970ರ ಡಿಸ್ಕಸ್ ಫೈನಲ್ ಮರುಪ್ರಸಾರ ಮಾಡಿ ಅಂತ ಒಬ್ಬನಾದ್ರೂ ಕೇಳಿದ್ನಾ?

ಆ ಸೀರಿಯಲ್ ಪಾತ್ರ ಹಂಚಿದ್ದು ಇನ್ನೊಂದು ತಮಾಷೆ. ಪೇಪರ್‌ನವರು ಡಿಸ್ಕಸ್ಸನ್ನ ಚಕ್ರ ಎಸೆತ ಅಂತಾನೇ ಬರೀತಾರೆ, ಇಡೀ ಸೆಟ್ಟಲ್ಲಿ ಚಕ್ರ ಎಸೆದು ಏಷ್ಯಾಗೇ ಚಾಂಪಿಯನ್ ಆಗಿದ್ದೋರು ಒಬ್ರೇ, ಅವರ ಕೈಗೆ ಕೊಟ್ಟಿದ್ದು ಗದೆ. ಚಕ್ರ ಹೋಗಿದ್ದು ಪಶುವೈದ್ಯ ಓದಿದ್ದ ನಿತೀಶ್ ಭಾರದ್ವಾಜ್ ಬೆರಳಿಗೆ. ಹಸು ಕಾಯೋ ಕೃಷ್ಣನ ಪಾತ್ರಕ್ಕೆ ಪಶುವೈದ್ಯರು ಸರೀನೇ ಅನ್ನಿ, ಅದರಲ್ಲಿ ನನ್ ತಕರಾರಿಲ್ಲ.

ಹಾಗ್ ನೋಡಿದ್ರೆ ನಮ್ ಕ್ರೀಡಾ ಇಲಾಖೆ ಮೊದ್ಲಿಂದ್ಲೂ ಮಹಾಭಾರತದ ಕಾಸ್ಟಿಂಗ್ ಆಫೀಸೇ. ಆಟಗಾರರಿಗೆ ಅರ್ಜುನ ಪ್ರಶಸ್ತಿ. ಕೋಚ್‌ಗಳಿಗೆ ದ್ರೋಣಾಚಾರ್ಯ ಪ್ರಶಸ್ತಿ, ಅಂದ್ರೆ ಪಾಠ ಹೇಳ್ಕೊಡ್ದೆ ಹೆಬ್ಬೆಟ್ಟು ಇಸ್ಕೊಂಡ ಗುರುಗಳ ಹೆಸ್ರಲ್ಲಿ. ಆ ಹೆಬ್ಬೆಟ್ಟು ಕಳ್ಕೊಂಡ ಹುಡ್ಗನ ಪಾಲಿಗೆ ಏನಿಲ್ವಾ ಅಂದ್ರೆ ನಮ್ ಕರ್ನಾಟಕ ಸರ್ಕಾರ ಏಕಲವ್ಯ ಪ್ರಶಸ್ತಿ ಇಟ್ಟು ಬ್ಯಾಲೆನ್ಸ್ ಮಾಡಿದೆ. ಭೀಮ ಪ್ರಶಸ್ತಿ ಮಾತ್ರ ಇಲ್ಲ. ಹಂಗಾಗಿ 1967ರಲ್ಲಿ ಪ್ರವೀಣ್ ಕುಮಾರ್‌ಗೆ ಸಿಕ್ಕಿದ್ದು ಅರ್ಜುನ ಪ್ರಶಸ್ತಿ. ಭೀಮ ಆಗೋಕೆ 21 ವರ್ಷ ಮುಂಚೆನೇ ತಮ್ಮನ ಹೆಸರಿನ ಪ್ರಶಸ್ತಿ ಅಣ್ಣನ ಕೈಗೆ ಬಂದಿತ್ತು, ಯಾರೂ ಗಮನಿಸ್ಲಿಲ್ಲ.

ಇವರೊಬ್ರೇ ಅಲ್ಲ. ದಾರಾ ಸಿಂಗ್ 1968ರಲ್ಲಿ ಮುಂಬೈನಲ್ಲಿ ಅಮೆರಿಕದ ಲೂ ಥೆಸ್‌ನನ್ನ ಸೋಲಿಸಿದ ಪೈಲ್ವಾನ್ರು, ಈಗಿನ ಹುಡುಗರಿಗೆ ಅವರು ರಾಮಾಯಣದ ಹನುಮಂತ, ಬಾಲ ಇಲ್ದಿರೋ ಫೋಟೋ ತೋರ್ಸಿದ್ರೆ ಗುರುತೇ ಹಿಡಿಯಲ್ಲ. ಸಲೀಲ್ ಅಂಕೋಲಾ ಕಥೆ ಇನ್ನೂ ಬೇರೆ. 1989ರ ನವೆಂಬರ್, ಕರಾಚಿ ಟೆಸ್ಟು, ಸಚಿನ್‌ಗೂ ಮೊದಲ ಟೆಸ್ಟ್, ಇವರಿಗೂ ಮೊದಲ ಟೆಸ್ಟ್. ಸಚಿನ್ ಅಲ್ಲಿಂದ 200 ಟೆಸ್ಟ್ ಆಡಿದ್ರು, ಇವರಿಗೆ ಅದೇ ಮೊದಲು ಅದೇ ಕೊನೆ. 20 ಒನ್‌ಡೇ ಆಡಿ, ಕಾಲಿನ ಮೂಳೇಲಿ ಗಡ್ಡೆ ಆಗಿ 28ಕ್ಕೇ ನಿವೃತ್ತಿ. ಆಮೇಲೆ ಸೀರಿಯಲ್ಲು, ಕೊನೆಗೆ ಶನಿ ಮಹಾತ್ಮನ ಹಿಂದಿ ಸೀರಿಯಲ್ಲಲ್ಲಿ ಸೂರ್ಯದೇವ! ಕ್ರಿಕೆಟ್ ಬೋರ್ಡಿಗೆ ಒಂದೇ ಟೆಸ್ಟಿಗೆ ಸಾಕಾದ ಮನುಷ್ಯ ಚಾನೆಲ್‌ನವರಿಗೆ ಸೌರಮಂಡಲಕ್ಕೇ ಸಾಕಾದ್ರು. 2023ರಲ್ಲಿ ಅವರು ರಾಷ್ಟ್ರೀಯ ತಂಡದ ಸೆಲೆಕ್ಟರ್ ಆದ್ರು ಅನ್ನೋದು ಬೇರೆ ಮಾತು.

ಅಮೆರಿಕದಲ್ಲೂ ಇದೇ ಅಲ್ವಾ ಅಂತ ಕೇಳ್ಬೋದು. ಚಕ್ ಕಾನರ್ಸ್ ಅಂತ ಒಬ್ರಿದ್ರು, ಬ್ಯಾಸ್ಕೆಟ್‌ಬಾಲ್ ಆಡಿದ್ರು, ಬೇಸ್‌ಬಾಲ್ ಆಡಿದ್ರು, 1949ರಲ್ಲಿ ಬ್ರೂಕ್ಲಿನ್ ಡಾಜರ್ಸ್ ಪರ ಬ್ಯಾಟ್ ಹಿಡಿಯೋ ಅವಕಾಶ ಸಿಕ್ಕಿದ್ದು ಒಂದೇ ಒಂದು ಸಲ, ಅದರಲ್ಲೂ ತಾನೂ ಔಟಾಗಿ ಇನ್ನೊಬ್ಬನನ್ನೂ ಔಟ್ ಮಾಡ್ಸಿ ಬಂದ್ರು. ಆಮೇಲೆ ಟೀವೀಲಿ ಬಂದೂಕು ಹಿಡಿದು ದೊಡ್ಡ ಸ್ಟಾರ್. ಅಲ್ಲಿ ಆಟ ಕೈಕೊಟ್ಟೋರು ಟೀವಿಗೆ ಹೋಗಿದಾರೆ, ಅರ್ಥ ಆಗುತ್ತೆ. ನಮ್ಮಲ್ಲಿ ಆಟದಲ್ಲಿ ಗೆದ್ದೋರು ತಾವು ಗೆದ್ದಿದ್ವಿ ಅಂತ ಜನಕ್ಕೆ ಗೊತ್ತಾಗ್ಲಿ ಅಂತ ಟೀವಿಗೆ ಹೋಗ್ಬೇಕು.

ಹೋದ್ಮೇಲೂ ಎಲ್ಲಾ ಸರಿ ಹೋಗುತ್ತೆ ಅನ್ನಂಗಿಲ್ಲ. ಸೀತೆ ಪಾತ್ರ ಮಾಡಿದ ದೀಪಿಕಾ 1991ರಲ್ಲಿ ವಡೋದರಾದಿಂದ ಎಂಪಿ. ರಾವಣ ಅರವಿಂದ ತ್ರಿವೇದಿ ಅದೇ ಚುನಾವಣೇಲಿ ಸಾಬರಕಾಂಠಾದಿಂದ ಎಂಪಿ. ಅಪಹರಣ ಮಾಡಿದೋನು ಅಪಹರಣಕ್ಕೊಳಗಾದೋಳು ಇಬ್ರೂ ಒಂದೇ ಪಕ್ಷದ ಬೆಂಚಲ್ಲಿ. ಕೃಷ್ಣ 1996ರಲ್ಲಿ ಜಮ್‌ಶೆಡ್‌ಪುರದಿಂದ ಗೆದ್ದ. ಹನುಮಂತ 2003ರಲ್ಲಿ ರಾಜ್ಯಸಭೆಗೆ ನಾಮಕರಣ. ಭೀಮ 2013ರಲ್ಲಿ ದಿಲ್ಲಿಯ ವಜೀರ್‌ಪುರದಲ್ಲಿ ಆಮ್ ಆದ್ಮಿ ಪಕ್ಷದಿಂದ ನಿಂತು ಸೋತ್ರು. ಆರೂವರೆ ಅಡಿ ಆಳನ್ನ ಆಮ್ ಆದ್ಮಿ ಅಂದ್ರೆ ಯಾರ್ ನಂಬ್ತಾರೆ ಹೇಳಿ.

ಹಂಗಾಗಿ ನನ್ನದೊಂದು ಸಲಹೆ. ಟ್ರೈನಿಂಗ್ ಸೆಂಟರಲ್ಲಿ ಕೋಚ್ ಬದ್ಲು ಮೇಕಪ್‌ಮ್ಯಾನ್ ಇಡಿ. ಸುಮ್ನೆ ಹತ್ತು ವರ್ಷ ಬೆವರು ಸುರಿಸಿ ಆಮೇಲೆ ಆಡಿಷನ್ ಕೊಡೋದಕ್ಕಿಂತ ಹದಿನಾರಕ್ಕೇ ಕೊಡ್ಲಿ. ಪೋಲ್‌ವಾಲ್ಟ್ ಹುಡ್ಗ ಹನುಮಂತ, ಸಮುದ್ರ ಹಾರೋ ಸೀನಿಗೆ ಗ್ರಾಫಿಕ್ಸ್ ಖರ್ಚು ಉಳಿಯುತ್ತೆ. ವೇಟ್‌ಲಿಫ್ಟರ್‌ಗೆ ಗೋವರ್ಧನ ಗಿರಿ. ನಡಿಗೆ ಸ್ಪರ್ಧೆಯ ಹುಡ್ಗೀರು ಮನೆಮುರುಕ ಸೀರಿಯಲ್‌ಗಳ ಸೊಸೆ ಪಾತ್ರಕ್ಕೆ ಬೇಡ, ಅವರದ್ದು ಜಾಸ್ತಿ ಸ್ಪೀಡು, ಅಡುಗೆಮನೆಯಿಂದ ಹಾಲ್‌ಗೆ ಕಾಫಿ ತರೋಕೆ ಒಂದು ಪೂರ್ತಿ ಎಪಿಸೋಡ್ ತಗೊಳ್ಳೋ ಸಹನೆ ಅವರಿಗಿಲ್ಲ. ಅಥ್ಲೆಟಿಕ್ಸ್ ಮೀಟನ್ನೂ ಸೀರಿಯಲ್ ಥರಾನೇ ತೋರ್ಸಿ: ಎಸೆತಗಾರ ಮೂರನೇ ಸುತ್ತು ತಿರುಗಿದ, ಕೋಚ್ ಮುಖಕ್ಕೆ ಮೂರ್ ಸಲ ಝೂಮು, ಅಂಪೈರ್ ಮುಖಕ್ಕೆ ಮೂರ್ ಸಲ ಝೂಮು, ಗುಂಡು ಕೈ ಬಿಡ್ತು, ಧಡಾರ್ ಅಂತ ಮ್ಯೂಸಿಕ್ಕು, ಮುಂದಿನ ಸಂಚಿಕೆ ನಾಳೆ ಸಂಜೆ. ದೇಶಕ್ಕೆ ದೇಶವೇ ನಿದ್ದೆಗೆಡುತ್ತೆ, ಗುಂಡು ಎಲ್ಲಿ ಬಿತ್ತು ಅಂತ.

ನಗೋ ವಿಷ್ಯ ಅಲ್ದಿರೋದು ಒಂದಿದೆ. ಕೊನೆಗಾಲದಲ್ಲಿ ಪ್ರವೀಣ್ ಕುಮಾರ್ ಬಹಿರಂಗವಾಗಿ ದೂರು ಹೇಳ್ಕೊಂಡ್ರು: ಪಂಜಾಬಿನಲ್ಲಿ ಬಂದ ಯಾವ ಸರ್ಕಾರನೂ ಪದಕ ಗೆದ್ದೋರಿಗೆ ಕೊಡೋ ಪೆನ್ಷನ್ ನನಗೆ ಕೊಡ್ಲಿಲ್ಲ, ಮಲತಾಯಿ ಧೋರಣೆ ಮಾಡಿದ್ರು ಅಂತ. ಬಿಎಸ್ಎಫ್ ಪೆನ್ಷನ್ ಬರ್ತಿತ್ತು, ಅದು ನೌಕರಿದು. ಆಟದ್ದು ಇಲ್ಲ. 2022ರ ಫೆಬ್ರವರೀಲಿ ಹೋಗ್ಬಿಟ್ರು, 74 ವರ್ಷ. ಮಾರನೇ ದಿನ ಹೆಡ್‌ಲೈನುಗಳಲ್ಲಿ ಸತ್ತಿದ್ದು ಭೀಮ, ಡಿಸ್ಕಸ್ಸು ಎಲ್ಲೋ ಮೂರನೇ ಪ್ಯಾರಾದಲ್ಲಿ.

ಅವರು ಚಾಚಾ ಚೌಧರಿ ಸೀರಿಯಲ್ಲಲ್ಲಿ ಸಾಬು ಪಾತ್ರನೂ ಮಾಡಿದ್ರು. ಸಾಬು ಗುರುಗ್ರಹದಿಂದ ಬಂದೋನು. ನನಗನ್ಸುತ್ತೆ ಯಾವ್ದೋ ಟೇಬಲ್ ಮೇಲೆ ಫೈಲು ನಿಂತಿದ್ದು ಇದಕ್ಕೇ, ವಾಸಸ್ಥಳ ದೃಢೀಕರಣ ಪತ್ರ ಆ ಗ್ರಹದಿಂದ ಬರೋಕೆ ಟೈಮ್ ಆಗುತ್ತಲ್ಲ.

ಇಂಥ ಒಂದು ಆಫೀಸನ್ನ ಸುಮ್ನೆ ಊಹಿಸ್ಕೊಳ್ಳಿ. ಯಾವ ರಾಜ್ಯ ಅಂತ ಬೇಡ, ಎಸೆತಗಾರನೂ ಊಹೆ ಗುಮಾಸ್ತನೂ ಊಹೆ. ವಯಸ್ಸಾದ ಆಳು ಬಾಗಿಲು ಬಗ್ಗಿ ಒಳಗೆ ಬರ್ತಾರೆ. ಗುಮಾಸ್ತ ಕುರ್ಚಿಯಿಂದ ಎದ್ದೇ ನಿಲ್ತಾನೆ.

"ಅಯ್ಯೋ ಸಾರ್, ನೀವಾ! ಬನ್ನಿ ಬನ್ನಿ, ಕೂತ್ಕೊಳ್ಳಿ. ನಮ್ ತಾಯಿ ಟೀವೀಲಿ ನಿಮ್ಮನ್ನ ನೋಡಿದ್ರೆ ಕೈ ಮುಗೀತಿದ್ರು ಸಾರ್. ಏನ್ ಕೆಲ್ಸ?"

"ಪೆನ್ಷನ್ ಅರ್ಜಿ. ಚಿನ್ನದ ಪದಕ, 1966ರದ್ದು."

"1966ರ ರೆಕಾರ್ಡ್ ಇಲ್ಲಿಲ್ಲ ಸಾರ್. ನೀವು ಎಸೆದಿದ್ದನ್ನ ನೋಡಿದೋರು ಯಾರಾದ್ರೂ ಇದಾರಾ?"

"ಅಳತೆ ಟೇಪ್ ಹಿಡಿದಿದ್ದೋರು ನೋಡಿದ್ರಪ್ಪ."

"ಅವರ ಸಹಿ ಬೇಕಾಗುತ್ತೆ. ಸಾರ್, ಅದರ ಬದ್ಲು ದುರ್ಯೋಧನನ ತೊಡೆ ಮುರಿದಿದ್ದು ಹಾಕಣ? ಅದು ಇಡೀ ದೇಶ ನೋಡಿದೆ, ವಿಡಿಯೋನೂ ಇದೆ."

"ಅದು ಫೌಲ್ ಅಲ್ವೇನಪ್ಪ? ಗದಾಯುದ್ಧದಲ್ಲಿ ಸೊಂಟದ ಕೆಳಗೆ ಹೊಡಿಯೋ ಹಾಗಿಲ್ಲ."

"ಮೇಲಿನೋರು ಸನ್ನೆ ಮಾಡಿದ್ರಲ್ಲ ಸಾರ್, ಮೇಲಿನೋರು ಸನ್ನೆ ಮಾಡಿದ್ಮೇಲೆ ನಮ್ ಆಫೀಸಲ್ಲಿ ಅದು ಫೌಲ್ ಆಗಲ್ಲ. ನಾಲ್ಕು ಪಾಸ್‌ಪೋರ್ಟ್ ಸೈಜ್ ಫೋಟೋ ತಗೊಂಡ್ ಬನ್ನಿ ಸಾಕು, ಕಿರೀಟ ಇರೋದೇ ತನ್ನಿ, ಬರೀ ತಲೇದು ತಂದ್ರೆ ಸಾಹೇಬ್ರು ವಾಪಸ್ ಕಳಿಸ್ತಾರೆ."