ಸಹಿ ಇದೆ, ಸೀಲ್ ಇದೆ, ದೇಶ ಎಲ್ಲಿ?

ಕಾಗದಪತ್ರ ಸರಿಯಾಗಿದ್ದರೆ ಯಾರೂ ಏನೂ ಮಾಡೋಕಾಗಲ್ಲ ಅಂತ ವಕೀಲರು ಧೈರ್ಯ ಹೇಳ್ತಾರಲ್ವಾ? ರಷ್ಯಾದ ಪಕ್ಕದ ಪುಟ್ಟ ದೇಶ ಜಾರ್ಜಿಯಾದ ಎವ್ಗೇನಿ ಗೆಗೆಚ್ಕೋರಿ ಮಾಸ್ಕೋದಲ್ಲಿ ಕಾನೂನು ಓದಿದ ವಕೀಲರು. ರಷ್ಯಾದ ಮೂರನೇ ಡೂಮಾದಲ್ಲಿ, ಅಂದರೆ ಸಂಸತ್ತಿನಲ್ಲಿ, ಸದಸ್ಯರಾಗಿದ್ದವರು. 1918ರಲ್ಲಿ ಜಾರ್ಜಿಯಾ ಸ್ವತಂತ್ರವಾಯಿತು. ಅದೇ ವರ್ಷ ಇವರು ವಿದೇಶಾಂಗ ಮಂತ್ರಿಯಾದರು. ಇವರ ಕಾಲದಲ್ಲಿ ದೇಶದ ಫೈಲು ಎಷ್ಟು ಅಚ್ಚುಕಟ್ಟಾಗಿತ್ತು ಅಂದರೆ, ಕೊನೆಗೆ ಉಳಿದಿದ್ದು ಫೈಲು ಮಾತ್ರ.

1920ರ ಮೇ 7ರಂದು ಮಾಸ್ಕೋ ಒಪ್ಪಂದ. ನೀವು ಸ್ವತಂತ್ರರು, ನಿಮ್ಮ ಮನೆ ವಿಷಯಕ್ಕೆ ನಾವು ಬರಲ್ಲ ಎಂದು ಸೋವಿಯತ್ ರಷ್ಯಾ ಸಹಿ ಹಾಕಿತು. ಜೊತೆಗೊಂದು ಗುಟ್ಟಿನ ಷರತ್ತು: ಜೈಲಲ್ಲಿರುವ ನಮ್ಮ ಬೊಲ್ಷೆವಿಕ್ (ಲೆನಿನ್ ಪಕ್ಷದ ಕಮ್ಯುನಿಸ್ಟ್) ಹುಡುಗರನ್ನು ಬಿಟ್ಟುಬಿಡಿ. ಬಿಟ್ಟರು. ಅವರೇನು ಸುಮ್ನೆ ಮನೆಯಲ್ಲಿ ಕೂರುವವರೇ?

ಆ ಡಿಸೆಂಬರ್‌ನಲ್ಲಿ ಜಾರ್ಜಿಯಾದವರು ಈಗಿನ ವಿಶ್ವಸಂಸ್ಥೆಗಿಂತ ಮೊದಲಿದ್ದ ರಾಷ್ಟ್ರಗಳ ಕೂಟ ಲೀಗ್ ಆಫ್ ನೇಷನ್ಸ್ ಬಾಗಿಲು ತಟ್ಟಿದರು. ಅಲ್ಲಿನ ದೊಡ್ಡವರಿಗೆ ದೊಡ್ಡ ಚಿಂತೆ: ಸದಸ್ಯತ್ವ ಕೊಟ್ಟರೆ, ನಾಳೆ ಯಾರಾದರೂ ಹೊಡೆದಾಗ ಬಿಡಿಸಲು ಹೋಗಬೇಕಲ್ಲ! ಅರ್ಜಿ ತಿರಸ್ಕಾರ. ಈಜು ಬರದವರನ್ನು ಈಜು ಶಾಲೆಗೆ ಸೇರಿಸಿಕೊಳ್ಳಲ್ಲ ಅನ್ನುವ ಹಾಗೆ. 1921ರ ಜನವರಿ 27ರಂದು ಮೊದಲ ಮಹಾಯುದ್ಧ ಗೆದ್ದ ಮಿತ್ರರಾಷ್ಟ್ರಗಳು ಮಾತ್ರ ಉದಾರವಾಗಿ ಮಾನ್ಯತೆ ಕೊಟ್ಟವು. ಅದೂ ಕಾಗದವೇ.

ಎರಡೇ ವಾರ. ಸೋವಿಯತ್‌ನ ಕೆಂಪು ಸೇನೆ ಗಡಿ ದಾಟಿತು. ರಾಜಧಾನಿ ಟಿಬಿಲಿಸಿಯಲ್ಲಿದ್ದ ಸೋವಿಯತ್ ರಾಯಭಾರಿ ಶೈನ್ಮನ್‌ರನ್ನು ಕೇಳಿದರೆ, ಯುದ್ಧವೇ? ನಮಗೇನೂ ಗೊತ್ತಿಲ್ಲ, ಪಕ್ಕದ ಆರ್ಮೇನಿಯದವರದ್ದೇ ಏನಾದರೂ ಇರಬೇಕು ಎಂಬ ಉತ್ತರ.

ಮನೆಗೆ ಬೆಂಕಿ ಬಿದ್ದಾಗ ಬಾವಿ ತೋಡುವವರ ಬಗ್ಗೆ ಕೇಳಿದ್ದೇವೆ. ಇವರು ಬಾವಿಗೆ ಬೈಲಾ ಬರೆದರು. ಫಿರಂಗಿ ಸದ್ದಿನ ನಡುವೆ, ಫೆಬ್ರವರಿ 21ರಂದು ಸಂವಿಧಾನ ಅಂಗೀಕಾರವಾಯಿತು. ಚೆಂದದ ಸಂವಿಧಾನ ಕಣ್ರೀ, ತಮಾಷೆಯಲ್ಲ: ಮರಣದಂಡನೆ ರದ್ದು, ಹೆಣ್ಣುಮಕ್ಕಳಿಗೆ ಮತ. ಒಟ್ಟು 149 ಕಲಂ. ಫೆಬ್ರವರಿ 25ಕ್ಕೆ ಟಿಬಿಲಿಸಿ ಬಿತ್ತು. ನಾಲ್ಕು ದಿನಕ್ಕೆ ಹಂಚಿದರೆ ದಿನಕ್ಕೆ 37 ಕಲಂ, ಒಂದು ಮಿಗುತ್ತದೆ. ಅದನ್ನು ಬತುಮಿ ಬಂದರಿಗೆ ಓಡುವ ದಾರಿಯಲ್ಲಿ ಜಾರಿ ಮಾಡಿರಬಹುದು.

ಮಾರ್ಚ್‌ನಲ್ಲಿ ಸರ್ಕಾರ ಹಡಗು ಹತ್ತಿತು. ಗೆಗೆಚ್ಕೋರಿ ಫ್ರಾನ್ಸ್ ಸೇರಿದರು. ಅತ್ತ ಅವರದೇ ಮನೆತನದ ಹುಡುಗಿ ನೀನೋ ಒಬ್ಬ ಬೊಲ್ಷೆವಿಕ್ ಪೊಲೀಸ್ ತರುಣನನ್ನು ಮದುವೆಯಾದಳು. ಹುಡುಗನ ಹೆಸರು ಲಾವ್ರೆಂತಿ ಬೆರಿಯಾ; ಮುಂದೆ ಸ್ಟಾಲಿನ್‌ನ ಗುಪ್ತ ಪೊಲೀಸ್ ಮುಖ್ಯಸ್ಥ. 1953ರ ಡಿಸೆಂಬರ್‌ನಲ್ಲಿ ಅವನನ್ನೂ ಗುಂಡಿಕ್ಕಿ ಕೊಂದರು. ಹೆಣ್ಣಿನ ಮನೆಯ ಹಿರಿಯರಾದ ಗೆಗೆಚ್ಕೋರಿ ಮರುವರ್ಷ ಪ್ಯಾರಿಸ್‌ನಲ್ಲಿ ತೀರಿಕೊಂಡರು. ಇಷ್ಟೆಲ್ಲ ಕಾಗದಗಳ ನಡುವೆ, ಆ ಮದುವೆಗೆ ಮಾತ್ರ ಅವರ ಸಹಿ ಬೇಕಾಗಲಿಲ್ಲ.