ಇನ್ನೆರಡು ನಿಮಿಷ ಬಿಡಬಾರದಿತ್ತಾ?

ಸ್ಪೀಕರಿನಲ್ಲಿ ಉತ್ತರ ಕೇಳಿಸಿದಾಗ ನನ್ನ ಬೆರಳು ಚೆನ್ನೆಮಣೆಯ, ಅಂದರೆ ಗುಳಿಗಳಲ್ಲಿ ಕಾಯಿ ಹಾಕಿ ಆಡುವ ಮರದ ಹಲಗೆಯ, ಹನ್ನೊಂದನೇ ಗುಳಿಯಲ್ಲಿತ್ತು. ಇನ್ನು ಮೂರು ಗುಳಿ ಎಣಿಸಿದ್ದರೆ ಆಗಿಹೋಗುತ್ತಿತ್ತು. ಅಷ್ಟರಲ್ಲಿ ನಮ್ಮ ಸುರತ್ಕಲ್‌ನವನು ಗೋಡೆಯ ಬೆಲ್ ಒತ್ತಿ, "ಅಣ್ಣ, ನಮಗೆ ಆಗುದಿಲ್ಲ, ಹೇಳಿಬಿಡಿ ಮಾರಾಯ್ರೆ" ಅಂದಾಗಿತ್ತು. ಹೊರಗೆ ಕೂತಿದ್ದ ಹುಡುಗ ಹೇಳಿಯೇಬಿಟ್ಟ. ಬೀಗ ತೆರೆಯಿತು. ಎಲ್ಲರೂ ಕೇಕೆ ಹಾಕಿದರು. ನನಗೆ ಮಾತ್ರ ಬಾಯಿಯ ಹತ್ತಿರ ಬಂದ ತುತ್ತನ್ನು ಕಿತ್ತುಕೊಂಡ ಹಾಗಾಯಿತು.

ಡಿಸೆಂಬರ್ ರಜೆಗೆ ಊರಿಗೆ ಬಂದಿದ್ದೆ. ಕಾಲೇಜಿನ ಗೆಳೆಯರೆಲ್ಲ ಸೇರಿ ಎಲ್ಲಿಗೆ ಹೋಗುವುದು ಅಂತ ಮಾತಾಯಿತು. ಪಣಂಬೂರು, ತಣ್ಣೀರುಬಾವಿ ಬೀಚುಗಳು ಪ್ರತಿ ಸಲವೂ ಇದ್ದದ್ದೇ. ಈ ಸಲ ಎಸ್ಕೇಪ್ ರೂಮ್‌ಗೆ ಹೋಗುವ ಅಂದವಳು ಕುಂದಾಪುರದವಳು. ಒಂದು ಕೋಣೆಯೊಳಗೆ ಗುಂಪಾಗಿ ಹೋಗಿ, ಅಲ್ಲಿರುವ ಒಗಟುಗಳನ್ನು ಬಿಡಿಸಿ, ಒಂದೊಂದೇ ಬೀಗ ತೆರೆದು, ಗಡುವಿನೊಳಗೆ ಹೊರಗೆ ಬರುವ ಆಟ ಅದು. ನಮ್ಮ ಗುಂಪಿನಲ್ಲಿ ಯಾರಿಗೂ ಹೆಸರು ಹಿಡಿದು ಕರೆದು ಅಭ್ಯಾಸವಿಲ್ಲ, ಇವತ್ತಿಗೂ ಊರಿನ ಹೆಸರೇ. ಸುರತ್ಕಲ್, ಬಿಜೈ, ಉಳ್ಳಾಲ, ಕುಂದಾಪುರ, ಮೂಡುಬಿದಿರೆ, ಮತ್ತೆ ನಾನು.

ನಾನು ಪೋಲೆಂಡಿನ ಕ್ರಾಕೋವ್ ನಗರದಲ್ಲಿರುವುದು 2017ರಿಂದ. ಅಲ್ಲಿ ಈ ಆಟ ಬಹಳ ಜನ ಆಡುತ್ತಾರೆ. ಆಫೀಸಿನವರ ಜೊತೆ ನಾನೇ ಹತ್ತು ಹನ್ನೆರಡು ಸಲ ಹೋಗಿದ್ದೇನೆ. ಹಾಗಾಗಿ ಮಂಗಳೂರಿನಲ್ಲಿ ಏನಿರಬಹುದು ಅಂತ ಲೆಕ್ಕ ಹಾಕಿಕೊಂಡೇ ಹೋಗಿದ್ದೆ. ಜೈಲೋ, ದೆವ್ವದ ಬಂಗಲೆಯೋ, ಬ್ಯಾಂಕ್ ದರೋಡೆಯೋ ಇರುತ್ತದೆ ಅಂದುಕೊಂಡಿದ್ದೆ.

ಬಾಗಿಲು ತೆಗೆದರೆ ಒಳಗೆ ಅಜ್ಜನ ಮನೆ. ಚಾವಡಿ, ಮೂಲೆಯಲ್ಲಿ ಭತ್ತ ತುಂಬಿಡುವ ಮರದ ಪತ್ತಾಯ, ಗೋಡೆಗೆ ನೇತುಹಾಕಿದ ಹಾಳೆಯ ಟೊಪ್ಪಿ ಮುಟ್ಟಾಳೆ, ಹುಲ್ಲಿನಲ್ಲಿ ಕಟ್ಟಿದ ಒಂದು ಅಕ್ಕಿಮುಡಿ, ಮೇಲೆ ನಿಜವಾದ ಹೆಂಚು. ನಡುವೆ ಒಂದು ಗಾಜಿನ ಹೆಂಚು. ಅದರ ಹಿಂದೆ ಬಲ್ಬ್ ಇಟ್ಟಿದ್ದರು, ಬೆಳಕು ಕೋಲಿನ ಹಾಗೆ ನೆಲಕ್ಕೆ ಬೀಳುತ್ತಿತ್ತು. ನನಗೆ ಗಂಟಲು ಕಟ್ಟಿತು. ಇಷ್ಟು ವರ್ಷ ಕ್ರಾಕೋವ್‌ನ ನೆಲಮಾಳಿಗೆಗಳಲ್ಲಿ ಬೇರೆಯವರ ಅಜ್ಜಂದಿರ ಪೆಟ್ಟಿಗೆ ತೆರೆದವನಿಗೆ ಕೊನೆಗೂ ನನ್ನ ಅಜ್ಜನ ಪೆಟ್ಟಿಗೆ ಸಿಕ್ಕಿತ್ತು.

ಒಳಗೆ ಹೋಗುವ ಮೊದಲು ನಾನು ಬಾಗಿಲು ನೋಡಿದೆ. ಅದು ಪೋಲೆಂಡ್ ಕಲಿಸಿದ ಅಭ್ಯಾಸ. 2019ರ ಜನವರಿ 4ರಂದು ಅಲ್ಲಿನ ಕೊಶಾಲಿನ್ ಊರಿನಲ್ಲಿ ಹುಟ್ಟುಹಬ್ಬ ಆಚರಿಸಲು ಇಂಥದೇ ಒಂದು ಕೋಣೆಗೆ ಹೋದ ಐವರು ಹುಡುಗಿಯರು ಬೆಂಕಿ ಬಿದ್ದಾಗ ಹೊರಗೆ ಬರಲಾಗದೆ ತೀರಿಕೊಂಡರು. ಎಲ್ಲರಿಗೂ 15 ವರ್ಷ. ಆಮೇಲೆ ಸರ್ಕಾರ ದೇಶದ ತುಂಬ ಎಸ್ಕೇಪ್ ರೂಮ್‌ಗಳ ತಪಾಸಣೆ ಮಾಡಿಸಿತು, ಹಲವನ್ನು ಮುಚ್ಚಿಸಿತು. ಅಂದಿನಿಂದ ಒಳಗಿಂದ ತೆರೆಯಲಾಗದ ಬಾಗಿಲಿದ್ದರೆ ನಾನು ಆಡುವುದಿಲ್ಲ. ಇಲ್ಲಿನ ಹುಡುಗನನ್ನು ಕೇಳಿದ್ದಕ್ಕೆ, "ಇದು ಸುಮ್ನೆ ಮುಚ್ಚಿರುದು ಅಣ್ಣ, ಎಳೆದ್ರೆ ಬರ್ತದೆ" ಅಂತ ಎಳೆದು ತೋರಿಸಿದ. ನೆಮ್ಮದಿಯಾಯಿತು.

ಗಡಿಯಾರ 60 ನಿಮಿಷದಿಂದ ಇಳಿಯತೊಡಗಿತು. ಮೊದಲ ಬೀಗ ಎರಡೇ ನಿಮಿಷಕ್ಕೆ ಹೋಯಿತು. ಕೆಳಗಿಟ್ಟಿದ್ದ ಒಂದು ಹೆಂಚನ್ನು ಬಿಜೈಯವನು ತಿರುಗಿಸಿದ, ಹಿಂಬದಿಯಲ್ಲಿ 1865 ಅಂತ ಅಚ್ಚಿತ್ತು. ಬಾಸೆಲ್ ಮಿಶನ್ ಎಂಬ ಕ್ರೈಸ್ತ ಸಂಸ್ಥೆಯವರು ಮಂಗಳೂರಿನ ಜೆಪ್ಪುವಿನಲ್ಲಿ ಹೆಂಚಿನ ಕಾರ್ಖಾನೆ ಶುರುಮಾಡಿದ ವರ್ಷ. ಹೆಂಚಿನ ಮನೆಯಲ್ಲಿ ಹುಟ್ಟಿದವನಿಗೆ ಹೆಂಚನ್ನು ತಿರುಗಿಸಿ ನೋಡಬೇಕು ಅಂತ ಯಾರೂ ಹೇಳಿಕೊಡಬೇಕಾಗಿಲ್ಲ.

ಆಮೇಲಿನದ್ದು ಚೆನ್ನೆಮಣೆ. ಹದಿನಾಲ್ಕು ಗುಳಿ, ಒಳಗೆ ಕೆಂಪು ಮಂಜೊಟ್ಟಿ ಕಾಯಿ. ಪಕ್ಕದಲ್ಲಿ ನಾಲ್ಕು ಅಂಕಿಯ ಬೀಗ. ಗೋಡೆಯಲ್ಲಿ ಒಂದು ಸಾಲು: ಕಡಿಮೆ ಬಿದ್ದದ್ದನ್ನು ತುಂಬು. ನಾಲ್ಕು ಗುಳಿಗಳಲ್ಲಿ ಮಾತ್ರ ಕಾಯಿ ಬೇರೆ ಬೇರೆ ಲೆಕ್ಕದಲ್ಲಿತ್ತು. ಒಂದು, ಮೂರು, ಎರಡು, ಮತ್ತೊಂದು ಖಾಲಿ. ಮೂಡುಬಿದಿರೆಯವನು 1320 ಹಾಕಿದ. ಬೀಗ ಅಲುಗಲಿಲ್ಲ. ತಿರುಗಿಸಿ 0231 ಹಾಕಿದ. ಆಗಲೂ ಇಲ್ಲ. "ಎಂತ ಸಾವು ಇದು" ಅಂದ.

ನಾನು ಉಳಿದ ಗುಳಿಗಳನ್ನು ಎಣಿಸತೊಡಗಿದೆ. ನಾಲ್ಕು. ನಾಲ್ಕು. ಮತ್ತೆ ನಾಲ್ಕು. ಬೆರಳಿಗೆ ಕಾಯಿಯ ನುಣುಪು ತಾಗುತ್ತಿದ್ದ ಹಾಗೆ ಏನೋ ಮೇಲೆದ್ದು ಬಂತು. ತುಳುವರ ಆಟಿ ತಿಂಗಳ ಮಳೆ, ಹೊರಗೆ ಕಾಲಿಡಲಾಗದಷ್ಟು. ಅಜ್ಜಿ ಚಾಪೆ ಹಾಸಿ ಮಣೆ ಇಟ್ಟು, ಒಂದೊಂದು ಗುಳಿಗೂ ಕಾಯಿ ಹಾಕುತ್ತಾ ಗಟ್ಟಿಯಾಗಿ ಎಣಿಸುತ್ತಿದ್ದಳು. ಒಟ್ಟು ಎಷ್ಟಾಯಿತು ಅಂತ ನನ್ನನ್ನೇ ಕೇಳುತ್ತಿದ್ದಳು. ಐವತ್ತಾರು ಅಂದರೆ ಬೆಲ್ಲದ ತುಂಡು ಸಿಗುತ್ತಿತ್ತು. ಗುಳಿಗೆ ನಾಲ್ಕರಂತೆ ಹದಿನಾಲ್ಕು ಗುಳಿಗೆ ಐವತ್ತಾರು. ಹಾಗಿದ್ದರೆ ಆ ನಾಲ್ಕು ಗುಳಿಗಳಲ್ಲಿ ಇರುವುದನ್ನಲ್ಲ, ಇಲ್ಲದ್ದನ್ನು ನೋಡಬೇಕು ಅಂತ ಹೊಳೆಯುತ್ತಿತ್ತು. ಪೂರ್ತಿ ಹೊಳೆದಿರಲಿಲ್ಲ, ಹೊಳೆಯುತ್ತಿತ್ತು.

ಆಗ ಸ್ಪೀಕರ್ ಹೇಳಿತು: "ಮೂರು, ಒಂದು, ಎರಡು, ನಾಲ್ಕು ಹಾಕಿ ಅಣ್ಣ."

ಕ್ರಾಕೋವ್‌ನಲ್ಲಿ ಹೀಗಾಗುವುದಿಲ್ಲ. ಅಲ್ಲಿಯೂ ಸಹಾಯ ಕೇಳಲು ವಾಕಿಟಾಕಿ ಕೊಡುತ್ತಾರೆ. ಅದನ್ನು ನಮ್ಮ ತಂಡ ಮುಟ್ಟುವುದೇ ಇಲ್ಲ. ನಲವತ್ತು ನಿಮಿಷ ಒಂದೇ ಬೀಗದ ಮುಂದೆ ಕೂತದ್ದಿದೆ. ಯಾರಿಗಾದರೂ ಕೈ ನಡುಗಿದರೆ ಪಕ್ಕದವರು "ಸ್ಪೊಕೊಯ್ನಿಯೆ" ಅನ್ನುತ್ತಾರೆ. ಸಮಾಧಾನ, ಗಡಿಬಿಡಿ ಬೇಡ ಅಂತ. ಒಬ್ಬರು ಯೋಚನೆ ಮಾಡುತ್ತಿದ್ದಾರೆ ಅಂತ ಕಂಡರೆ ಉಳಿದವರು ಬಾಯಿ ಮುಚ್ಚಿ ಇನ್ನೊಂದು ಮೂಲೆಗೆ ಸರಿಯುತ್ತಾರೆ. ಸೋತು ಹೊರಗೆ ಬಂದದ್ದೂ ಇದೆ. ಆದರೆ ಯಾರ ಯೋಚನೆಯನ್ನೂ ಯಾರೂ ಅರ್ಧಕ್ಕೆ ಮುರಿದದ್ದಿಲ್ಲ.

ನಮ್ಮಲ್ಲಿ ಬೆಲ್ ಮೊದಲು ಒತ್ತಿದ್ದು ಏಳನೇ ನಿಮಿಷಕ್ಕೆ. ಮೂರೇ ಹಿಂಟ್ ಅಂತ ಹೇಳಿದ್ದರು, ನಾವು ಏಳು ಕೇಳಿದೆವು. ಕೊನೆಯ ಎರಡಕ್ಕೆ ಆ ಹುಡುಗ ಒಳಗೇ ಬಂದು ತೋರಿಸಿಕೊಟ್ಟ. ಹೊರಗೆ ಬಂದ ಮೇಲೆ ಸರದಿಗೆ ಕಾಯುತ್ತಿದ್ದ ಒಂದು ಕುಟುಂಬಕ್ಕೆ ಸುರತ್ಕಲ್‌ನವನು, "ಹೆಂಚು ತಿರುಗಿಸಿ ನೋಡಿ, ಬಿಡಬೇಡಿ" ಅಂತ ಹೇಳಿಯೂಬಿಟ್ಟ. ಅವರು ಖುಷಿಯಿಂದ ಥ್ಯಾಂಕ್ಸ್ ಅಂದರು. ನನಗೆ ಸಂಕಟವಾಯಿತು. ಆ ಗುಂಪಿನಲ್ಲೊಬ್ಬಳು ಪುಟ್ಟ ಹುಡುಗಿ ಇದ್ದಳು. ಹೆಂಚನ್ನು ತಿರುಗಿಸಿ ಅಂಕಿ ಕಂಡ ಕ್ಷಣ ಅವಳದಾಗಬಹುದಿತ್ತು.

ಇದು ಆಟದ ಮಾತಷ್ಟೇ ಅಲ್ಲ. ಮನೆಯಲ್ಲಿ ಅಕ್ಕನ ಮಗ ಮೂರನೇ ಕ್ಲಾಸು. ಹೋಮ್‌ವರ್ಕಿಗೆ ಕೂತರೆ ಅವನು ಪೆನ್ಸಿಲ್ ಕಚ್ಚುವುದೇ ತಡ, ಅಡುಗೆಮನೆಯಿಂದ ಅಕ್ಕ, ಚಾವಡಿಯಿಂದ ಭಾವ, ಟಿವಿಯ ಮುಂದಿನಿಂದ ಅಪ್ಪ, ಮೂವರೂ ಉತ್ತರ ಹೇಳುತ್ತಾರೆ. ಎಲ್ಲ ಪ್ರೀತಿಯಿಂದಲೇ. ಆ ಹುಡುಗ ಈಗ ಲೆಕ್ಕವನ್ನು ನೋಡುವುದಿಲ್ಲ, ಮುಖಗಳನ್ನು ನೋಡುತ್ತಾನೆ. ಮೊನ್ನೆ ನಾನು "ಐದು ನಿಮಿಷ ಅವನನ್ನು ಬಿಡಿ" ಅಂದದ್ದಕ್ಕೆ, "ಪಾಪ, ಸಣ್ಣವನು, ಎಂತಕ್ಕೆ ಒದ್ದಾಡಬೇಕು?" ಅಂದಳು ಅಕ್ಕ. ಒದ್ದಾಡಬೇಕು ಅಂತಲೇ ನನ್ನ ಹಟ. ಗೊತ್ತಿಲ್ಲದ್ದರ ಮುಂದೆ ಸ್ವಲ್ಪ ಹೊತ್ತು ಸುಮ್ಮನೆ ಕೂರುವುದು ನಮಗೆ ಬರುವುದಿಲ್ಲ. ಯಾರಾದರೂ ಹಾಗೆ ಕೂತದ್ದನ್ನು ನೋಡಲಿಕ್ಕೂ ಆಗುವುದಿಲ್ಲ.

ಈ ಆಟವನ್ನು ನಿಜವಾದ ಕೋಣೆಗೆ ತಂದದ್ದು ಜಪಾನಿನವರು, 2007ರಲ್ಲಿ ಕ್ಯೋಟೋದಲ್ಲಿ. ಅದಕ್ಕೆ ಮೊದಲು ಅದು ಕಂಪ್ಯೂಟರ್ ಮುಂದೆ ಒಬ್ಬರೇ ಕೂತು ಆಡುವ ಆಟವಾಗಿತ್ತು. ಒಬ್ಬರೇ ತಲೆ ಕೆಡಿಸಿಕೊಳ್ಳುವ ಆ ಸುಖ ಈಗಲೂ ಅದರ ಒಳಗಿದೆ ಅಂತ ನನಗನಿಸುತ್ತದೆ. ಗುಂಪಿನಲ್ಲಿ ಹೋದರೂ ಅದು ಒಂದು ನಿಮಿಷವಾದರೂ ಸಿಗಬೇಕು.

ಇದನ್ನೆಲ್ಲ ಹಂಪನಕಟ್ಟೆಯಲ್ಲಿ ಗಡ್‌ಬಡ್ ಐಸ್‌ಕ್ರೀಮ್ ತಿನ್ನುತ್ತಾ ಗೆಳೆಯರಿಗೆ ಹೇಳಿಯೇಬಿಟ್ಟೆ. ಸ್ವಲ್ಪ ಜೋರಾಗಿಯೇ ಹೇಳಿದೆ. ಸುರತ್ಕಲ್‌ನವನ ಮುಖ ಸಪ್ಪೆಯಾಯಿತು. ಕುಂದಾಪುರದವಳು ಚಮಚ ಕೆಳಗಿಟ್ಟು, "ಹೋಯ್, ಇಲ್ ಕಾಣ್" ಅಂದಳು. "ನೀನು ಲೆಕ್ಕ ಮಾಡ್ತಾ ಇದ್ದದ್ದು ನಮಗೆ ಹೇಗೆ ಗೊತ್ತಾಗ್ಬೇಕು? ಬಾಯಿ ಬಿಟ್ಟು ಹೇಳ್ಬೇಕಿತ್ತಲ್ದಾ? ನೀನು ಬೆನ್ನು ಹಾಕಿ ಕೂತಿದ್ದೆ. ಸಿಟ್ಟು ಬಂತೋ ಏನೋ ಅಂತ ನಾವು ಹೆದರಿ ಬೆಲ್ ಒತ್ತಿದ್ದು."

ನನಗೆ ಉತ್ತರ ತೋಚಲಿಲ್ಲ. ಅವಳು ಹೇಳಿದ್ದು ನಿಜ. ನಾನು ಕ್ರಾಕೋವ್‌ನಲ್ಲಿ ಕೂರುವ ಹಾಗೆ ಕೂತಿದ್ದೆ.

ಆಗ 2018ರ ನನ್ನ ಮೊದಲ ಆಟ ನೆನಪಾಯಿತು. ಒಂದು ಹಳೆಯ ಔಷಧದಂಗಡಿಯ ಥೀಮು, ಕಾಜಿಮೇಶ್ ಎಂಬ ಹಳೆಯ ಬಡಾವಣೆಯ ನೆಲಮಾಳಿಗೆಯಲ್ಲಿ. ಬಾಟಲಿಗಳ ಮೇಲೆಲ್ಲ ಪೋಲಿಷ್ ಬರಹ. ನನಗೆ ಒಂದಕ್ಷರ ಬರುತ್ತಿರಲಿಲ್ಲ. ಆರು ಜನರಲ್ಲಿ ಐವರು ಕೆಲಸ ಹಂಚಿಕೊಂಡರು. ನಾನು ಕಪಾಟಿನ ಪಕ್ಕ ನಿಂತೆ. ಒಂದು ಗಂಟೆ ನಿಂತೇ ಇದ್ದೆ. ಯಾರೂ ಕೆಟ್ಟವರಲ್ಲ. ಏನಾದರೂ ಬೇಕಿದ್ದರೆ ಕೇಳುತ್ತಾನೆ ಅಂದುಕೊಂಡಿದ್ದರು, ನಾನು ಕೇಳಲಿಲ್ಲ. ಆಟ ಗೆದ್ದೆವು. ಗುಂಪಿನ ಫೋಟೋದಲ್ಲಿ ನಾನೂ ನಗುತ್ತಿದ್ದೇನೆ. ಟ್ರಾಮ್‌ನಲ್ಲಿ ಮನೆಗೆ ಹೋಗುವಾಗ ಅತ್ತಿದ್ದೆ. ಇದನ್ನು ಯಾರಿಗೂ ಹೇಳಿರಲಿಲ್ಲ.

ಮಂಗಳೂರಿನ ಕೋಣೆಯಲ್ಲಿ ಉಳ್ಳಾಲದವನು ಕೂತೇ ಆಡಿದ. ಮೊಣಕಾಲಿನ ಆಪರೇಷನ್ ಆಗಿ ಎರಡೇ ತಿಂಗಳು. ಅವನನ್ನು ಪತ್ತಾಯದ ಮೇಲೆ ಕೂರಿಸಿ, ಪ್ರತಿಯೊಂದು ಪೆಟ್ಟಿಗೆ, ಪ್ರತಿಯೊಂದು ಬೀಗ ಅವನ ಮಡಿಲಿಗೆ ತಂದುಕೊಟ್ಟು, "ನೀನು ನೋಡು ಮಾರಾಯ" ಅನ್ನುತ್ತಿದ್ದರು. ಹೆಚ್ಚಿನದು ಅವನಿಗೆ ಹೊಳೆಯಲಿಲ್ಲ. ಆದರೂ ತರುವುದನ್ನು ಬಿಡಲಿಲ್ಲ. ಕೊನೆಯ ಬೀಗ ತೆರೆದದ್ದು ಅವನ ಕೈಯಲ್ಲೇ. ಕ್ರಾಕೋವ್‌ನಲ್ಲಾಗಿದ್ದರೆ ಅವನು ಹೊರಗೆ ಕುರ್ಚಿಯಲ್ಲಿ ಕಾಯುತ್ತಿದ್ದನೋ ಏನೋ. ಇಷ್ಟು ಒಪ್ಪುತ್ತೇನೆ. ಚೆನ್ನೆಮಣೆಯ ಬೆಲ್ ಒತ್ತಿದ್ದು ತಪ್ಪು ಅನ್ನುವುದನ್ನು ಮಾತ್ರ ಈಗಲೂ ಬಿಡುವುದಿಲ್ಲ.

ಮರುದಿನ ಬೆಳಿಗ್ಗೆ ಅಮ್ಮನ ಹತ್ತಿರ ನಮ್ಮ ಚೆನ್ನೆಮಣೆ ಎಲ್ಲಿದೆ ಅಂತ ಕೇಳಿದೆ. "ಆಟಿ ಅಲ್ಲದೆ ಅದನ್ನು ಎಂತಕ್ಕೆ ತೆಗೆಯುದು?" ಅಂದಳು. ಆದರೂ ಏಣಿ ತಂದಿಟ್ಟಳು. ಮಣೆ ಅಟ್ಟದಲ್ಲಿ ಹಳೆಯ ಗೆರಸೆಯ ಕೆಳಗಿತ್ತು. ಕಾಯಿಗಳು ಒಂದು ಬಟ್ಟೆಯ ಚೀಲದಲ್ಲಿದ್ದವು, ಚೀಲದ ಮೂಲೆಯನ್ನು ಇಲಿ ಕಡಿದಿತ್ತು. ಅಲ್ಲೇ ಕೂತು ಎಣಿಸಿದೆ. ಐವತ್ತಮೂರು.

ಕೆಳಗಿನಿಂದ ಅಮ್ಮ, "ಕಮ್ಮಿ ಉಂಟಾ? ಅದು ಬಹುಶಃ..." ಅಂತ ಶುರುಮಾಡಿದಳು.

"ಹೇಳ್ಬೇಡ ಅಮ್ಮ, ನಾನೇ ಹುಡುಕ್ತೇನೆ" ಅಂದೆ.

ಅಮ್ಮ ಸುಮ್ಮನಾದಳು. ಮೊಬೈಲಿನ ಬೆಳಕು ಹಾಕಿಕೊಂಡು ಅಟ್ಟದ ಹಲಗೆಗಳ ಸಂದಿಯಲ್ಲಿ ಕಾಲು ಗಂಟೆ ಹುಡುಕಿದೆ. ಎರಡು ಸಿಕ್ಕಿದವು, ಧೂಳು ಒರೆಸಿದರೆ ಇನ್ನೂ ಕೆಂಪಾಗಿಯೇ ಇದ್ದವು. ಇಳಿಯಲು ತಿರುಗಿದಾಗ ನೋಡುತ್ತೇನೆ, ಅಮ್ಮ ಅಷ್ಟು ಹೊತ್ತೂ ಏಣಿಯನ್ನು ಎರಡೂ ಕೈಯಲ್ಲಿ ಹಿಡಿದು ನಿಂತೇ ಇದ್ದಳು.